ಛೇದ ಬೇರೆ ಬೇರೆ ಇರುವ ಭಿನ್ನರಾಶಿಗಳನ್ನು ಕಳೆಯುವುದು: ಹಂತ ಹಂತವಾಗಿ

ಮುಕ್ಕಾಲರಲ್ಲಿ ಅರ್ಧ ಹೋದರೆ ಎಷ್ಟು ಎಂದು ಸಂತೆಯಲ್ಲಿ ಯಾರನ್ನು ಕೇಳಿದರೂ ‘ಕಾಲು’ ಎನ್ನುತ್ತಾರೆ. ಅದೇ ಲೆಕ್ಕವನ್ನು 3/4 − 1/2 ಎಂದು ಹಾಳೆಯ ಮೇಲೆ ಬರೆದುಕೊಟ್ಟರೆ, ಹೊಸದಾಗಿ ಕಲಿಯುತ್ತಿರುವ ಮಕ್ಕಳಲ್ಲಿ ಹಲವರು ಮೇಲಿನದರಿಂದ ಮೇಲಿನದು, ಕೆಳಗಿನದರಿಂದ ಕೆಳಗಿನದು ಕಳೆದು 2/2 ಎಂದು ಬರೆಯುತ್ತಾರೆ. 2/2 ಎಂದರೆ ಪೂರ್ತಿ ಒಂದು. ಮುಕ್ಕಾಲರಿಂದ ಏನನ್ನೋ ತೆಗೆದ ಮೇಲೆ ಒಂದು ಉಳಿಯಿತಂತೆ! ಇದೇ ದಾರಿಯಲ್ಲಿ 1/2 − 1/3 ಮಾಡಿದರೆ ಅಂಶ (ಮೇಲಿನ ಸಂಖ್ಯೆ) ಸೊನ್ನೆಯಾಗುತ್ತದೆ. ಅರ್ಧವೂ ಮೂರನೇ ಒಂದು ಪಾಲೂ ಸಮ ಎಂದಂತಾಯಿತು.

ಅಂಶ ಎಂದರೆ ಎಷ್ಟು ತುಂಡು ಎಂಬ ಎಣಿಕೆ. ಕೆಳಗಿನ ಸಂಖ್ಯೆಯಾದ ಛೇದ ಎಂದರೆ ಆ ತುಂಡಿನ ಅಳತೆ. 3 ಸೇರು ಅಕ್ಕಿಯಿಂದ 2 ಪಾವು ತೆಗೆದರೆ ‘1 ಉಳಿಯಿತು’ ಎಂದು ಯಾರೂ ಹೇಳುವುದಿಲ್ಲ. ಸೇರಿಗೆ 4 ಪಾವು, 12 ಪಾವಿನಲ್ಲಿ 2 ಹೋದರೆ 10 ಪಾವು, ಅಂದರೆ ಎರಡೂವರೆ ಸೇರು ಎನ್ನುತ್ತೇವೆ. ಮುಂದೆ ಬರುವ ಎಲ್ಲ ಹಂತಗಳ ಕೆಲಸವೂ ಇಷ್ಟೇ: ಎರಡನ್ನೂ ಒಂದೇ ಅಳತೆಗೆ ತರುವುದು, ಆಮೇಲೆ ಎಣಿಕೆಯನ್ನು ಮಾತ್ರ ಕಳೆಯುವುದು.

ಮೊದಲು ಎರಡು ಸಿದ್ಧತೆ

ಪೆನ್ನು ಹಿಡಿಯುವ ಮೊದಲು ಉತ್ತರ ಸುಮಾರು ಎಷ್ಟಿರಬೇಕು ಎಂದು ಮನಸ್ಸಿನಲ್ಲೇ ಅಂದಾಜು ಮಾಡಿ. 5/6 − 3/8 ನೋಡಿ. 5/6 ಒಂದಕ್ಕೆ ಸ್ವಲ್ಪ ಕಡಿಮೆ, 3/8 ಅರ್ಧಕ್ಕೆ ಸ್ವಲ್ಪ ಕಡಿಮೆ. ಉತ್ತರ ಅರ್ಧದ ಆಸುಪಾಸಿನಲ್ಲಿರಬೇಕು. ಐದು ಸೆಕೆಂಡಿನ ಕೆಲಸ ಇದು. ದೊಡ್ಡ ತಪ್ಪುಗಳಲ್ಲಿ ಹೆಚ್ಚಿನವು ಇಲ್ಲೇ ಸಿಕ್ಕಿಬೀಳುತ್ತವೆ.

ಎರಡನೆಯದು, ಕೊಟ್ಟ ಭಿನ್ನರಾಶಿಗಳು ಈಗಾಗಲೇ ಸಂಕ್ಷಿಪ್ತ ರೂಪದಲ್ಲಿವೆಯೇ ಎಂದು ನೋಡುವುದು. 45/60 − 14/35 ಎಂದು ಕೊಟ್ಟರೆ ಕೆಲವರು ನೇರವಾಗಿ 60 ಮತ್ತು 35ರ ಲ.ಸಾ.ಅ. (ಲಘುತಮ ಸಾಮಾನ್ಯ ಅಪವರ್ತ್ಯ, ಅಂದರೆ ಎರಡೂ ಸಂಖ್ಯೆಗಳಿಂದ ಶೇಷವಿಲ್ಲದೆ ಭಾಗವಾಗುವ ಅತಿ ಚಿಕ್ಕ ಸಂಖ್ಯೆ) 420 ಹುಡುಕಿ, 315/420 − 168/420 = 147/420 ಎಂದು ತಂದು, ಕೊನೆಗೆ 21ರಿಂದ ಭಾಗಿಸಬೇಕು ಎಂಬುದು ಹೊಳೆಯದೆ ಕೂರುತ್ತಾರೆ. ಮೊದಲೇ ಚಿಕ್ಕದು ಮಾಡಿದ್ದರೆ ಅದು ಬರೀ 3/4 − 2/5. ಉತ್ತರ 7/20.

ಹಂತ 1: ಸಾಮಾನ್ಯ ಛೇದ ಹುಡುಕುವುದು

ಎರಡು ಛೇದಗಳ ನಡುವಿನ ಸಂಬಂಧ ಮೂರು ಬಗೆಯಲ್ಲಿರುತ್ತದೆ. ಯಾವುದೆಂದು ಗುರುತಿಸಿದರೆ ಅರ್ಧ ಕೆಲಸ ಮುಗಿದಂತೆ.

ಒಂದು ಛೇದ ಇನ್ನೊಂದರ ಮಗ್ಗಿಯಲ್ಲೇ ಬಂದರೆ ದೊಡ್ಡದೇ ಸಾಮಾನ್ಯ ಛೇದ. 7/12 − 1/3ರಲ್ಲಿ 12 ಸಾಕು. ಮೊದಲನೆಯದನ್ನು ಮುಟ್ಟುವುದೇ ಬೇಡ.

ಎರಡಕ್ಕೂ 1 ಬಿಟ್ಟು ಬೇರೆ ಸಾಮಾನ್ಯ ಅಪವರ್ತನ (ಎರಡನ್ನೂ ಶೇಷವಿಲ್ಲದೆ ಭಾಗಿಸುವ ಸಂಖ್ಯೆ) ಇಲ್ಲದಿದ್ದರೆ ಎರಡನ್ನೂ ಗುಣಿಸಿ. 4 ಮತ್ತು 5 ಇದ್ದರೆ 20. ಇದಕ್ಕಿಂತ ಚಿಕ್ಕದು ಸಿಗುವುದಿಲ್ಲ, ಹುಡುಕುತ್ತಾ ಕೂರಬೇಡಿ.

ಮೂರನೆಯ ಬಗೆಯಲ್ಲಿ ಎರಡಕ್ಕೂ ಒಂದು ಸಾಮಾನ್ಯ ಅಪವರ್ತನ ಇರುತ್ತದೆ, ಆದರೆ ಒಂದು ಇನ್ನೊಂದರ ಮಗ್ಗಿಯಲ್ಲಿ ಬರುವುದಿಲ್ಲ. 6 ಮತ್ತು 8, 18 ಮತ್ತು 24, 42 ಮತ್ತು 60 ಹೀಗೆ. ಸಂಖ್ಯೆಗಳು ಚಿಕ್ಕವಾಗಿದ್ದರೆ ದೊಡ್ಡ ಛೇದದ ಮಗ್ಗಿ ಹೇಳುತ್ತಾ ಹೋಗಿ, ಚಿಕ್ಕದರಿಂದ ಶೇಷವಿಲ್ಲದೆ ಭಾಗವಾಗುವ ಮೊದಲ ಸಂಖ್ಯೆಯಲ್ಲಿ ನಿಲ್ಲಿ. 24, 48, 72: 24 ಮತ್ತು 48 ಹದಿನೆಂಟರಿಂದ ಭಾಗವಾಗುವುದಿಲ್ಲ, 72 ಆಗುತ್ತದೆ. ಚಿಕ್ಕ ಛೇದದ ಮಗ್ಗಿ ಹಿಡಿದರೂ ಉತ್ತರ ಅದೇ. ಮೆಟ್ಟಿಲು ಮಾತ್ರ ಹೆಚ್ಚು.

ದೊಡ್ಡ ಸಂಖ್ಯೆಗಳಿಗೆ ಶಾಲೆಯಲ್ಲಿ ಕಲಿಸುವ ಭಾಗಾಕಾರ ವಿಧಾನವೇ ಒಳ್ಳೆಯದು. ಅದರಲ್ಲೊಂದು ಉಪಯೋಗವಿದೆ, ಹೆಚ್ಚಿನವರು ಗಮನಿಸುವುದಿಲ್ಲ. 17/42 − 13/60 ತೆಗೆದುಕೊಳ್ಳೋಣ.

2 | 42, 60
3 | 21, 30
   | 7, 10

7 ಮತ್ತು 10ಕ್ಕೆ ಸಾಮಾನ್ಯ ಅಪವರ್ತನ ಇಲ್ಲ, ಇಲ್ಲಿಗೆ ನಿಲ್ಲಿಸಿ. ಲ.ಸಾ.ಅ. = 2 × 3 × 7 × 10 = 420. ಈಗ 420ನ್ನು 42ರಿಂದ ಭಾಗಿಸಿದರೆ ಎಷ್ಟು, 60ರಿಂದ ಭಾಗಿಸಿದರೆ ಎಷ್ಟು ಎಂದು ಮತ್ತೆ ಲೆಕ್ಕ ಮಾಡಬೇಕಿಲ್ಲ. ಕೊನೆಯ ಸಾಲಿನಲ್ಲಿ ಉಳಿದ ಸಂಖ್ಯೆಗಳನ್ನು ಅದಲುಬದಲು ಮಾಡಿದರೆ ಅವೇ ಗುಣಕಗಳು. 42ರ ಕೆಳಗೆ 7 ಉಳಿದಿದೆ, 60ರ ಕೆಳಗೆ 10. ಹಾಗಾಗಿ 42 ಇರುವ ಭಿನ್ನರಾಶಿಯನ್ನು 10ರಿಂದ, 60 ಇರುವುದನ್ನು 7ರಿಂದ ಗುಣಿಸಿ: 170/420 − 91/420 = 79/420.

ಒಂದು ಎಚ್ಚರಿಕೆ. ಎರಡನ್ನೂ ಭಾಗಿಸುವ ಸಂಖ್ಯೆ ಸಿಗುವವರೆಗೆ ಮಾತ್ರ ಇಳಿಯಬೇಕು. 10 ಇದೆಯಲ್ಲ ಎಂದು ಮತ್ತೆ 2ರಿಂದ ಭಾಗಿಸಿ 7, 5 ಮಾಡಿಕೊಂಡರೆ ಲ.ಸಾ.ಅ. ಸರಿಯಾಗೇ ಬರುತ್ತದೆ, ಆದರೆ ಗುಣಕ 10ರ ಬದಲು 5 ಎಂದು ಕಂಡು ಲೆಕ್ಕ ಕೆಡುತ್ತದೆ. ಮೂರು ಭಿನ್ನರಾಶಿಗಳಿದ್ದಾಗಲೂ ಈ ಅದಲುಬದಲು ನಡೆಯುವುದಿಲ್ಲ; ಆಗ ಲ.ಸಾ.ಅ.ವನ್ನು ಪ್ರತಿಯೊಂದು ಛೇದದಿಂದ ಭಾಗಿಸಿಯೇ ಗುಣಕ ತೆಗೆಯಬೇಕು.

ಅಂದಹಾಗೆ, ಭಿನ್ನರಾಶಿಗಳಿಗೆ ಲ.ಸಾ.ಅ. ಬಳಸುವ ಉಪಾಯ ನಮ್ಮ ನೆಲಕ್ಕೆ ಹೊಸದಲ್ಲ. 9ನೇ ಶತಮಾನದಲ್ಲಿ, ರಾಷ್ಟ್ರಕೂಟರ ಅಮೋಘವರ್ಷನ ಕಾಲದ ಜೈನ ಗಣಿತಜ್ಞ ಮಹಾವೀರಾಚಾರ್ಯ ಇದನ್ನು ‘ನಿರುದ್ಧ’ ಎಂದು ಕರೆದು, ಭಿನ್ನರಾಶಿಗಳನ್ನು ಒಂದೇ ಛೇದಕ್ಕೆ ತರುವ ಚುಟುಕು ದಾರಿಯಾಗಿ ಹೇಳಿಕೊಟ್ಟಿದ್ದಾನೆ.

ಹಂತ 2: ಅಂಶವನ್ನೂ ಗುಣಿಸುವುದು

ಛೇದ ಎಷ್ಟು ಪಟ್ಟಾಯಿತೋ ಅಂಶವೂ ಅಷ್ಟೇ ಪಟ್ಟಾಗಬೇಕು. 5/6 − 3/8ರಲ್ಲಿ ಸಾಮಾನ್ಯ ಛೇದ 24. ಆರು ನಾಲ್ಕು ಪಟ್ಟಾಗಿ 24 ಆಯಿತು, ಆದ್ದರಿಂದ 5 × 4 = 20. ಎಂಟು ಮೂರು ಪಟ್ಟಾಯಿತು, 3 × 3 = 9.

5/6 − 3/8 = 20/24 − 9/24

ಗುಣಿಸಿದ್ದು 4/4ರಿಂದ ಮತ್ತು 3/3ರಿಂದ, ಅಂದರೆ 1ರಿಂದ. ಬೆಲೆ ಹಾಗೇ ಉಳಿಯಿತು, ತುಂಡು ಸಣ್ಣದಾಗಿ ಎಣಿಕೆ ಹೆಚ್ಚಿತು.

ಛೇದ ಬದಲಿಸಿ ಅಂಶವನ್ನು ಹಾಗೇ ಬಿಡುವುದು ಇಲ್ಲಿ ಆಗುವ ತಪ್ಪು. 5/24 − 3/24 = 2/24 ಎಂದು ಬರೆಯುತ್ತಾರೆ. ಅರ್ಧದ ಹತ್ತಿರ ಬರಬೇಕಾದದ್ದು ಹನ್ನೆರಡನೇ ಒಂದು ಪಾಲು ಆಗಿದೆ ಎಂದು ಅಂದಾಜು ಮಾಡಿಕೊಂಡವರಿಗೆ ತಕ್ಷಣ ಗೊತ್ತಾಗುತ್ತದೆ. ಈ ತಪ್ಪು ಪದೇ ಪದೇ ಮಾಡುವ ಮಕ್ಕಳಿಗೆ ಒಂದು ಅಭ್ಯಾಸ ಹಿಡಿಸಿ: 24 ಬರೆಯುವ ಮೊದಲು (5 × 4)/(6 × 4) ಎಂದು ಪೂರ್ತಿ ಬಿಡಿಸಿ ಬರೆಯಲಿ. ಕೆಲವು ದಿನ ಬರೆದ ಮೇಲೆ ಅದನ್ನು ಬಿಟ್ಟರೂ ಕೈ ತಪ್ಪುವುದಿಲ್ಲ.

ಹಂತ 3: ಅಂಶಗಳನ್ನು ಮಾತ್ರ ಕಳೆಯುವುದು

20 − 9 = 11; ಛೇದ 24 ಹಾಗೇ. ಉತ್ತರ 11/24. ಅರ್ಧ ಎಂದರೆ 12/24, ಅಂದಾಜಿಗೆ ಹೊಂದಿತು.

ಹಂತ 4: ಚಿಕ್ಕದು ಮಾಡುವುದು

ಉತ್ತರವನ್ನು ಸಂಕ್ಷಿಪ್ತ ರೂಪಕ್ಕೆ ತರಲು 2, 3, 5, 7 ಎಂದು ಎಲ್ಲವನ್ನೂ ಪ್ರಯತ್ನಿಸಬೇಕಿಲ್ಲ. ಕೊಟ್ಟ ಭಿನ್ನರಾಶಿಗಳು ಸಂಕ್ಷಿಪ್ತ ರೂಪದಲ್ಲಿದ್ದು ನೀವು ಲ.ಸಾ.ಅ.ವನ್ನೇ ಬಳಸಿದ್ದರೆ, ಉತ್ತರ ಚಿಕ್ಕದಾಗುವುದು ಎರಡು ಛೇದಗಳ ಮ.ಸಾ.ಅ.ದೊಳಗಿನ (ಮಹತ್ತಮ ಸಾಮಾನ್ಯ ಅಪವರ್ತನ, ಅಂದರೆ ಎರಡೂ ಛೇದಗಳನ್ನು ಭಾಗಿಸುವ ಅತಿ ದೊಡ್ಡ ಸಂಖ್ಯೆ) ಅಪವರ್ತನಗಳಿಂದ ಮಾತ್ರ.

5/6 − 3/10 = 25/30 − 9/30 = 16/30. 6 ಮತ್ತು 10ರ ಮ.ಸಾ.ಅ. 2. ಹಾಗಾಗಿ 2 ಒಂದನ್ನೇ ನೋಡಿದರೆ ಸಾಕು: 8/15. 7/12 − 1/3 = 7/12 − 4/12 = 3/12; ಮ.ಸಾ.ಅ. 3, ಉತ್ತರ 1/4. ಛೇದಗಳಿಗೆ ಸಾಮಾನ್ಯ ಅಪವರ್ತನವೇ ಇಲ್ಲದಿದ್ದರೆ (4 ಮತ್ತು 5, 7 ಮತ್ತು 9 ಹೀಗೆ) ಉತ್ತರ ಬಂದ ರೂಪದಲ್ಲೇ ಸಂಕ್ಷಿಪ್ತವಾಗಿರುತ್ತದೆ, ನೋಡುವುದೇ ಬೇಡ. ಪರೀಕ್ಷೆಯಲ್ಲಿ ಸಮಯ ಉಳಿಸುವ ಮಾತು ಇದು.

ಓರೆ ಗುಣಾಕಾರ ಯಾವಾಗ?

ಲ.ಸಾ.ಅ. ಹುಡುಕದೆ ಛೇದಗಳನ್ನು ನೇರವಾಗಿ ಗುಣಿಸಿ, ಅಂಶಗಳನ್ನು ಓರೆಯಾಗಿ ಗುಣಿಸಿ ಕಳೆಯುವ ವಿಧಾನವನ್ನೂ ಹಲವರು ಕಲಿಸುತ್ತಾರೆ. ತಪ್ಪೇನಿಲ್ಲ. 3/4 − 2/5 = (15 − 8)/20 = 7/20, ಒಂದೇ ಸಾಲು. ಸಾಮಾನ್ಯ ಅಪವರ್ತನ ಇಲ್ಲದ ಛೇದಗಳಿಗೆ ಇದೇ ಅತ್ಯಂತ ವೇಗದ ದಾರಿ.

ಆದರೆ 17/42 − 13/60ಕ್ಕೆ ಇದನ್ನು ಹಚ್ಚಿ ನೋಡಿ: (1020 − 546)/2520 = 474/2520. ಇದನ್ನು 6ರಿಂದ ಭಾಗಿಸಿ 79/420ಕ್ಕೆ ಇಳಿಸಬೇಕು. ಉಳಿಸಿದ ಶ್ರಮವನ್ನೆಲ್ಲ ಕೊನೆಯಲ್ಲಿ ಬಡ್ಡಿ ಸಮೇತ ತೆತ್ತಂತಾಯಿತು. ಓರೆ ಗುಣಾಕಾರದಲ್ಲಿ ಕ್ರಮವೂ ಮುಖ್ಯ: ಮೊದಲ ಅಂಶ × ಎರಡನೇ ಛೇದ ಎಂಬುದೇ ಮೊದಲು ಬರಬೇಕು. ಸಂಕಲನದಲ್ಲಿ ಹಿಂದುಮುಂದಾದರೂ ನಡೆಯುತ್ತದೆ. ವ್ಯವಕಲನದಲ್ಲಿ ಚಿಹ್ನೆಯೇ ಬದಲಾಗುತ್ತದೆ.

ಮಿಶ್ರ ಭಿನ್ನರಾಶಿಗಳು: ನಿಜವಾದ ತೊಡಕು ಇಲ್ಲಿ

ಲ.ಸಾ.ಅ. ಚೆನ್ನಾಗಿ ಬರುವವರೂ ಮುಗ್ಗರಿಸುವುದು 5 1/4 − 2 2/3ರಂಥ ಲೆಕ್ಕದಲ್ಲಿ. ಅಂದಾಜು: ಐದೂಕಾಲರಿಂದ ಎರಡೂಮುಕ್ಕಾಲಿಗೆ ತುಸು ಕಡಿಮೆ ಹೋದರೆ ಎರಡೂವರೆಗಿಂತ ತುಸು ಹೆಚ್ಚು ಉಳಿಯಬೇಕು.

ಸಾಮಾನ್ಯ ಛೇದ 12. ಪೂರ್ಣಾಂಕಗಳನ್ನು ಹಾಗೇ ಇಟ್ಟು ಭಿನ್ನ ಭಾಗಗಳನ್ನು ಬದಲಿಸಿ:

5 3/12 − 2 8/12

3ರಿಂದ 8 ಹೋಗುವುದಿಲ್ಲ. 5ರಿಂದ ಒಂದನ್ನು ಕಡ ತನ್ನಿ. ಆ ಒಂದು ಎಂದರೆ 12/12. ಮೊದಲೇ ಇದ್ದ 3 ಸೇರಿ 15/12.

4 15/12 − 2 8/12 = 2 7/12

ಇಲ್ಲಿ ಮೂರು ಬೇರೆ ಬೇರೆ ತಪ್ಪುಗಳಾಗುತ್ತವೆ, ಉತ್ತರ ನೋಡಿಯೇ ಯಾವುದೆಂದು ಹೇಳಬಹುದು. 3 5/12 ಬಂದಿದ್ದರೆ, 3ರಿಂದ 8 ಕಳೆಯಲಾಗದೆ ತಿರುಗಿಸಿ 8ರಿಂದ 3 ಕಳೆದಿದ್ದಾರೆ. 3 7/12 ಬಂದಿದ್ದರೆ, ಕಡ ತಂದಿದ್ದಾರೆ, ಆದರೆ 5ನ್ನು 4 ಮಾಡಲು ಮರೆತಿದ್ದಾರೆ. ಇವೆರಡೂ ಅಂದಾಜಿನಲ್ಲೇ ಸಿಕ್ಕಿಬೀಳುತ್ತವೆ. ಮೂರನೆಯದು ಕಳ್ಳ ತಪ್ಪು: 2 5/12. ಸಾದಾ ವ್ಯವಕಲನದ ರೂಢಿಯಿಂದ, ಕಡ ತಂದದ್ದು ಹತ್ತು ಎಂದುಕೊಂಡು 3ನ್ನು 13 ಮಾಡಿರುತ್ತಾರೆ. ಉತ್ತರ ಎರಡೂವರೆಗೆ ತುಸುವೇ ಕಡಿಮೆ ಇರುವುದರಿಂದ ಅಂದಾಜಿಗೆ ಸುಲಭವಾಗಿ ಸಿಗುವುದಿಲ್ಲ. ಇದನ್ನು ಹಿಡಿಯಲು ಉತ್ತರಕ್ಕೆ ಕಳೆದದ್ದನ್ನು ಕೂಡಿಸಿ ನೋಡಬೇಕು: 2 5/12 + 2 8/12 = 4 13/12 = 5 1/12. ಬರಬೇಕಾದದ್ದು 5 3/12. ಕಡ ತರುವುದು ಹತ್ತಲ್ಲ, ಛೇದ ಎಷ್ಟಿದೆಯೋ ಅಷ್ಟು.

ಎರಡನೆಯ ದಾರಿ, ಎರಡನ್ನೂ ವಿಷಮ ಭಿನ್ನರಾಶಿ (ಅಂಶವೇ ಛೇದಕ್ಕಿಂತ ದೊಡ್ಡದಿರುವಂಥದ್ದು) ಮಾಡಿಕೊಳ್ಳುವುದು: 21/4 − 8/3 = 63/12 − 32/12 = 31/12 = 2 7/12. ಕಡದ ತಂಟೆಯೇ ಇಲ್ಲ. ಪೂರ್ಣಾಂಕಗಳು ಚಿಕ್ಕದಿದ್ದಾಗ ಇದೇ ವಾಸಿ. 48 1/6 − 19 3/4ರಲ್ಲಿ ಇದನ್ನು ಹಿಡಿದರೆ 289/6, 79/4, ಆಮೇಲೆ 578/12 − 237/12 = 341/12, ಮತ್ತೆ ಭಾಗಾಕಾರ. ಕಡ ತಂದರೆ 47 14/12 − 19 9/12 = 28 5/12, ಎರಡು ಸಾಲಿನಲ್ಲಿ ಮುಗಿಯಿತು. ಪೂರ್ಣಾಂಕ ಹತ್ತು ದಾಟಿದರೆ ಕಡ ತರುವುದೇ ಲೇಸು ಎನ್ನುವುದು ನಮ್ಮ ಅಭಿಪ್ರಾಯ.

ಬಾಯಿಲೆಕ್ಕಕ್ಕೆ ಮೂರನೆಯ ದಾರಿಯೂ ಇದೆ. ಎರಡೂ ಕಡೆಗೆ ಒಂದೇ ಮೊತ್ತ ಸೇರಿಸಿದರೆ ವ್ಯತ್ಯಾಸ ಬದಲಾಗುವುದಿಲ್ಲ. 2 2/3ಕ್ಕೆ 1/3 ಸೇರಿಸಿ 3 ಮಾಡಿ. 5 1/4ಕ್ಕೂ 1/3 ಸೇರಿಸಿದರೆ 5 7/12. ಅದರಲ್ಲಿ 3 ಹೋದರೆ 2 7/12.

ಪೂರ್ಣಾಂಕದಿಂದ ಮಿಶ್ರ ಭಿನ್ನರಾಶಿ ಕಳೆಯುವಾಗ 7 − 3 5/8 = 4 5/8 ಎಂದು ಬರೆಯುವವರು ಬಹಳ. ಪೂರ್ಣಾಂಕ ಕಳೆದು ಭಿನ್ನವನ್ನು ಹಾಗೇ ಇಳಿಸಿಬಿಟ್ಟಿದ್ದಾರೆ. ಅಂದರೆ 5/8 ಕಳೆಯುವ ಬದಲು ಕೂಡಿಸಿದ್ದಾರೆ. 7ನ್ನು 6 8/8 ಎಂದು ಬರೆದುಕೊಂಡರೆ 3 3/8 ತಾನಾಗಿ ಬರುತ್ತದೆ.

ಮೂರು ಪದಗಳು, ಆವರಣ, ಋಣ ಉತ್ತರ

11/12 − 3/8 − 1/6. ಮೂರಕ್ಕೂ ಸಾಮಾನ್ಯ ಛೇದ 24: (22 − 9 − 4)/24 = 9/24 = 3/8. ಎಡದಿಂದ ಬಲಕ್ಕೆ ಹೋಗಬೇಕು. ಮೊದಲು 9 − 4 ಮಾಡಿ 22ರಿಂದ 5 ಕಳೆದರೆ ಅದು 11/12 − (3/8 − 1/6) ಎಂಬ ಬೇರೆಯೇ ಲೆಕ್ಕ. ಅದರ ಉತ್ತರ 17/24. ಇನ್ನೊಂದು ಮಾತು: ಮೇಲೆ ಹೇಳಿದ ಮ.ಸಾ.ಅ. ಸೂತ್ರ ಎರಡು ಭಿನ್ನರಾಶಿಗಳಿಗೆ ಮಾತ್ರ. ಇಲ್ಲಿ ಅಂಶ ಮತ್ತು ಛೇದವನ್ನು ನೇರವಾಗಿ ನೋಡಿಯೇ ಚಿಕ್ಕದು ಮಾಡಿ.

ಚಿಕ್ಕದರಿಂದ ದೊಡ್ಡದನ್ನು ಕಳೆಯಬೇಕಾಗಿ ಬಂದರೆ ಹಂತಗಳೇನೂ ಬದಲಾಗುವುದಿಲ್ಲ: 1/3 − 3/4 = 4/12 − 9/12 = −5/12. ಮಿಶ್ರ ಭಿನ್ನರಾಶಿಯಾದರೆ ಕಡ ತರಲು ಹೋಗಬೇಡಿ. 2 1/3 − 4 3/4ರಲ್ಲಿ ದೊಡ್ಡದರಿಂದ ಚಿಕ್ಕದನ್ನು ಕಳೆದು (4 9/12 − 2 4/12 = 2 5/12) ಮುಂದೆ ಋಣ ಚಿಹ್ನೆ ಹಾಕಿ: −2 5/12. ಇಲ್ಲಿ ಋಣ ಚಿಹ್ನೆ ಎರಡಕ್ಕೂ, ಹನ್ನೆರಡನೇ ಐದಕ್ಕೂ ಸೇರಿದ್ದು.

ಪ್ರೌಢಶಾಲೆಯಲ್ಲಿ ಇದೇ ಲೆಕ್ಕ ಬೀಜಗಣಿತದ ವೇಷದಲ್ಲಿ ಮತ್ತೆ ಬರುತ್ತದೆ. ಗೊತ್ತಿಲ್ಲದ ಸಂಖ್ಯೆಯನ್ನು ‘ಕ’ ಎಂದುಕೊಳ್ಳಿ. (ಕ + 3)/4 − (ಕ − 1)/6 = [3(ಕ + 3) − 2(ಕ − 1)]/12 = (3ಕ + 9 − 2ಕ + 2)/12 = (ಕ + 11)/12. ಭಿನ್ನರಾಶಿಯ ಗೆರೆಯೇ ಒಂದು ಆವರಣ. ಹಿಂದಿನ ಋಣ ಚಿಹ್ನೆ ಒಳಗಿನ −1ಕ್ಕೂ ತಟ್ಟಿ ಅದು +2 ಆಗುತ್ತದೆ. ಇದನ್ನು ಮರೆತವರ ಉತ್ತರ (ಕ + 7)/12.

ನಿತ್ಯದ ಅಳತೆಗಳಲ್ಲಿ

ಎಕರೆಗೆ 40 ಗುಂಟೆ. ಎರಡೂವರೆ ಎಕರೆಯಲ್ಲಿ 7/8 ಎಕರೆ ಮಾರಿದರೆ 2 4/8 − 7/8 = 1 12/8 − 7/8 = 1 5/8 ಎಕರೆ. ಗುಂಟೆಯಲ್ಲಿ ಪರೀಕ್ಷಿಸಿ: 100 − 35 = 65, ಅಂದರೆ 1 ಎಕರೆ 25 ಗುಂಟೆ. ಎಕರೆಯನ್ನು ಗುಂಟೆ ಮಾಡುವುದೆಂದರೆ ಛೇದ 40 ಮಾಡುವುದೇ, ಹೆಸರು ಮಾತ್ರ ಬೇರೆ. ಪಹಣಿಯ ಲೆಕ್ಕದಲ್ಲಿ 1-25 ಎಂದೋ ಚುಕ್ಕಿ ಇಟ್ಟು 1.25 ಎಂದೋ ಕಂಡರೆ ಅದನ್ನು ದಶಮಾಂಶ ಎಂದು ಓದಬೇಡಿ. ದಶಮಾಂಶದ 1.25 ಎಕರೆ ಎಂದರೆ 1 ಎಕರೆ 10 ಗುಂಟೆ. 15 ಗುಂಟೆ ವ್ಯತ್ಯಾಸ ಸಣ್ಣದೇನಲ್ಲ.

ಛೇದದಲ್ಲಿ ಮೂರು ಬಂದರೆ ಗುಂಟೆ ಪೂರ್ತಿಯಾಗಿ ಬರುವುದಿಲ್ಲ, ಏಕೆಂದರೆ 40 ಮೂರರಿಂದ ಭಾಗವಾಗದು. 3/4 − 1/3 ಎಕರೆ = 5/12 ಎಕರೆ = 16 2/3 ಗುಂಟೆ. ಇಂಥಲ್ಲಿ ಕೊನೆಯವರೆಗೂ ಭಿನ್ನರಾಶಿಯಲ್ಲೇ ಕಳೆದು, ಉತ್ತರವನ್ನು ಮಾತ್ರ ಗುಂಟೆಗೆ ತಿರುಗಿಸಿ. ನಡುವೆಯೇ 13.33 ಎಂದು ಮೊಟಕು ಮಾಡಿದರೆ ಪಾಲು ಹೆಚ್ಚಿದಷ್ಟೂ ತಪ್ಪು ಬೆಳೆಯುತ್ತದೆ.

ಛೇದಗಳು 2, 3, 4, 5, 6, 10, 12, 15, 20, 30ರೊಳಗೆ ಇದ್ದರೆ ಗಡಿಯಾರವೇ ಒಳ್ಳೆಯ ಪರೀಕ್ಷಕ. 3/4 ಗಂಟೆ 45 ನಿಮಿಷ, 2/5 ಗಂಟೆ 24 ನಿಮಿಷ; 21 ನಿಮಿಷ ಎಂದರೆ 21/60 = 7/20.

ಮರಗೆಲಸದಲ್ಲಿ ಇಂಚಿನ ಭಾಗಗಳು. 29 1/4 ಇಂಚಿನ ಪಟ್ಟಿಯಿಂದ 11 5/8 ಇಂಚಿನ ತುಂಡು ಕತ್ತರಿಸಬೇಕು, ಗರಗಸದ ಬಾಯಿಗೆ 1/8 ಇಂಚು ಹೋಗುತ್ತದೆ. ಕಳೆಯಬೇಕಾದ ಎರಡನ್ನು ಮೊದಲೇ ಕೂಡಿಸಿ: 11 6/8. ಆಮೇಲೆ 28 10/8 − 11 6/8 = 17 4/8, ಅಂದರೆ ಹದಿನೇಳೂವರೆ ಇಂಚು. ಗರಗಸದ ಪಾಲು ಮರೆತರೆ 17 5/8 ಎಂದು ಗುರುತು ಹಾಕಿಕೊಂಡು, ಉಳಿದ ತುಂಡು ಚೌಕಟ್ಟಿಗೆ ಸಾಲದೆ ಹೋಗುತ್ತದೆ.

ಮಾಡಿ ನೋಡಲು

1) 7/9 − 5/12
2) 13/20 − 7/30
3) 6 1/6 − 3 4/9
4) 9 − 4 7/11
5) 5/14 − 3/35
6) 3 1/8 ಎಕರೆ − 1 3/5 ಎಕರೆ, ಉತ್ತರ ಎಕರೆ-ಗುಂಟೆಯಲ್ಲಿ

ಉತ್ತರಗಳು: 1) 13/36. 2) 5/12, 25/60ರಲ್ಲೇ ನಿಂತಿದ್ದರೆ 20 ಮತ್ತು 30ರ ಮ.ಸಾ.ಅ. 10 ಎಂದು ನೆನಪಿಸಿಕೊಂಡು 2 ಮತ್ತು 5ನ್ನು ಪ್ರಯತ್ನಿಸಿ. 3) 2 13/18, 3 5/18 ಬಂದಿದ್ದರೆ ತಿರುಗಿಸಿ ಕಳೆದಿದ್ದೀರಿ, 3 13/18 ಬಂದಿದ್ದರೆ 6ನ್ನು 5 ಮಾಡಲು ಮರೆತಿದ್ದೀರಿ, 2 5/18 ಬಂದಿದ್ದರೆ ಕಡ ತಂದದ್ದನ್ನು 18ರ ಬದಲು 10 ಎಂದು ಹಿಡಿದಿದ್ದೀರಿ. 4) 4 4/11. 5) 19/70. 6) 1 21/40, ಅಂದರೆ 1 ಎಕರೆ 21 ಗುಂಟೆ; ಗುಂಟೆಯಲ್ಲಿ ನೋಡಿದರೆ 125 − 64 = 61.